ಬಾಟನಿ ಮೇಡಂ ಕಂಡ ಮೂರು ಗಿಡ

ಸಕ್ಕರೆ ಕಾಯಿಲೆ ಗಂಟುಬಿದ್ದ ಮೇಲೆ ನನ್ನ ಬೆಳಗಿನ ಕಾಫಿಗೆ ಕಲ್ಲು ಬಿತ್ತು. ಹೆಂಡತಿ ಚಳ್ಳಕೆರೆ ಸಂತೆಯಿಂದ ಒಣಗಿದ ತಂಗಡಿ ಹೂವಿನ ಪೊಟ್ಟಣ ತಂದಿಟ್ಟುಕೊಂಡಿದ್ದಾಳೆ. ಒಂದು ಹಿಡಿ ಹೂವನ್ನು ಕುದಿಸಿ, ಸೋಸಿ, ಲೋಟ ತುಂಬಾ ಕೊಟ್ಟು, ನಾನು ಕುಡಿದು ಮುಗಿಸುವವರೆಗೂ ಎದುರಿಗೇ ನಿಂತಿರುತ್ತಾಳೆ. ಹಸಿ ಹುಲ್ಲನ್ನು ಬಿಸಿ ನೀರಿಗೆ ಹಾಕಿದ ಹಾಗಿನ ವಾಸನೆ ಅದಕ್ಕೆ. ಮೊನ್ನೆ ಲೋಟದ ತಳದಲ್ಲಿ ಒಂದು ಎಸಳು ಉಳಿದುಬಿಟ್ಟಿತ್ತು. ಬೆರಳಿನಿಂದ ತೆಗೆದು ಕಿಟಕಿಯ ಬಿಸಿಲಿಗೆ ಹಿಡಿದು ನೋಡಿದೆ.

"ಅದ್ರಾಗೇನು ಹುಳ ಐತಾ?" ಅಂದಳು.

ಹುಳ ಇರಲಿಲ್ಲ. ಎಲೆಯೋ ಎಸಳೋ ಕೈಗೆ ಸಿಕ್ಕರೆ ಬಿಸಿಲಿಗೆ ಹಿಡಿದು ನೋಡುವ ಈ ಚಟವನ್ನು ನನಗೆ ಅಂಟಿಸಿದವರು ನಮ್ಮ ಬಾಟನಿ ಮೇಡಂ. ಕುರಿಗೆ ಇಂಜೆಕ್ಷನ್ ಚುಚ್ಚಿಕೊಂಡು ಪರಶುರಾಂಪುರದ ಸುತ್ತಮುತ್ತಲ ಹಳ್ಳಿಗಳಲ್ಲಿ ಓಡಾಡುವ ನನಗೆ ಎಲೆಯಿಂದ ಆಗಬೇಕಾದ್ದು ಏನೂ ಇಲ್ಲ. ಆದರೂ ಕೈ ತಾನಾಗಿ ಮೇಲೆ ಹೋಗುತ್ತದೆ. ಹೋದಾಗಲೆಲ್ಲ ಆ ಮೂರು ಗಿಡ ನೆನಪಾಗುತ್ತವೆ, ನಾನು ಬಾಯಿ ಬಿಡದೆ ಕೂತಿದ್ದು ನೆನಪಾಗುತ್ತದೆ...

ಮೇಡಂ ಚಳ್ಳಕೆರೆಯವರೇ. ಎಣ್ಣೆ ಮಿಲ್ಲಿನ ಮನೆತನ. ಅಣ್ಣಂದಿರೆಲ್ಲ ಕಡಲೆಕಾಯಿ ವ್ಯಾಪಾರದಲ್ಲಿ ಮುಳುಗಿದ್ದರೆ ಇವರೊಬ್ಬರು ಓದಿ, ಊರಿನ ಕಾಲೇಜಿನಲ್ಲೇ ಪಾಠ ಹೇಳುತ್ತಿದ್ದರು. ಹಣೆಯಲ್ಲಿ ತೆಳುವಾಗಿ ವಿಭೂತಿ, ಕಾಲಿಗೆ ಕ್ಯಾನ್ವಾಸ್ ಬೂಟು, ಕಂಕುಳಲ್ಲಿ ಅವರ ತಂದೆಯ ಕಾಲದ ದೊಡ್ಡ ಕೊಡೆ. ಸೀರೆಯ ಮೇಲೆ ಬೂಟು ಹಾಕಿದ ಹೆಂಗಸನ್ನು ನಾವು ಆವರೆಗೆ ಕಂಡಿರಲಿಲ್ಲ. ಭಾನುವಾರ ಬಂತೆಂದರೆ ಕಾವಲಿನ ಬಯಲಿಗೆ ಹೋಗಿ ಹುಲ್ಲು ಕಿತ್ತು ತಂದು, ಹಳೇ ಪೇಪರಿನ ನಡುವೆ ಇಟ್ಟು ಒತ್ತುತ್ತಿದ್ದರು. ಹುಡುಗರು ಹಿಂದಿನಿಂದ ಹುಲ್ಲು ಮೇಡಂ ಅನ್ನುತ್ತಿದ್ದೆವು. ಮದುವೆಯಾಗಿರಲಿಲ್ಲ. ಯಾಕೆಂದು ಕೇಳುವ ಧೈರ್ಯ ನಮಗಿರಲಿಲ್ಲ, ಊರಿಗಿತ್ತು.

ಅವರ ಹತ್ತಿರ ರಟ್ಟಿನ ಹೊದಿಕೆಯ ಒಂದು ಉದ್ದನೆಯ ಪುಸ್ತಕವಿತ್ತು. ಚಳ್ಳಕೆರೆ, ಮೊಳಕಾಲ್ಮೂರು, ಎರಡೂ ತಾಲ್ಲೂಕಿನಲ್ಲಿ ಬೆಳೆಯುವ ಗಿಡಗಳನ್ನೆಲ್ಲ ಅದರಲ್ಲಿ ಬರೆದಿಡುತ್ತಿದ್ದರು. ಒಣಗಿಸಿದ ಕಡ್ಡಿ ಕೈಯಲ್ಲಿಲ್ಲದೆ ಒಂದು ಗಿಡದ ಹೆಸರನ್ನೂ ಅದರಲ್ಲಿ ಇಂಕಿನಲ್ಲಿ ಬರೆದವರಲ್ಲ. "ನಾನು ನೋಡೀನಿ ಅಂದ್ರೆ ಆಗಲ್ಲಪ್ಪ, ತೋರಿಸ್ಬೇಕು" ಅನ್ನುತ್ತಿದ್ದರು. ಬೇರೆ ಯಾವ ಪಾಠ ಮರೆತರೂ ಇದನ್ನು ಮಾತ್ರ ಯಾರೂ ಮರೆಯುವಂತಿರಲಿಲ್ಲ.

ನಾನು ಕುರಿ ಕಾಯುವ ಮನೆಯವನು. ಬಿ.ಜಿ. ಕೆರೆ ದಾಟಿ ಮೊಳಕಾಲ್ಮೂರಿನ ಕಡೆ ಹೋದರೆ ಗುಡ್ಡದ ಬುಡದಲ್ಲಿ ನಮ್ಮ ಹಟ್ಟಿ. ಅಪ್ಪ ಚಿಕ್ಕಂದಿನಲ್ಲೇ ತೀರಿಕೊಂಡಿದ್ದರಿಂದ ದೊಡ್ಡಪ್ಪನೇ ನನ್ನನ್ನೂ ಅವ್ವನನ್ನೂ ನೋಡಿಕೊಂಡ. ಹೈಸ್ಕೂಲಿನಿಂದಲೂ ಹಾಸ್ಟೆಲ್ಲಿನಲ್ಲಿ ಬೆಳೆದವನಾದ್ದರಿಂದ ನನ್ನಲ್ಲಿ ಹಟ್ಟಿಯೂ ಅರ್ಧ, ಪೇಟೆಯೂ ಅರ್ಧ. ಕ್ಲಾಸಿನಲ್ಲಿ ಕೊನೆಯ ಬೆಂಚು. ಒಂದು ದಿನ ಮೇಡಂ, ಕುರಿ ಮೇಕೆ ಬಾಯಿ ಹಾಕದ ಗಿಡ ಯಾವುವು ಎಂದು ಕೇಳಿದರು. ನಾನು ಎದ್ದು ನಿಂತು ಎಕ್ಕ, ತಂಗಡಿ ಎಂದು ಶುರು ಮಾಡಿ, ಕೊನೆಗೆ ಗುಡ್ಡದ ತಂಗಡಿ ಅಂದೆ.

"ಗುಡ್ಡದ ತಂಗಡಿ ಅಂದ್ರೆ?"

"ನಮ್ಮ ಗುಡ್ಡದ ನೆತ್ತಿ ಮ್ಯಾಲೆ ಐತೆ ಮೇಡಂ. ಹೂವು ಹಳದಿನೇ, ಆದ್ರೆ ನಡೂಕೆ ದಾರದ ಕುಚ್ಚು ಇದ್ದಂಗೆ ಇರ್ತೈತೆ. ಎಲೆ ತಂಗಡಿ ತರ ಸಾಲು ಸಾಲು ಇರಲ್ಲ. ಎರಡೆರಡೇ, ಎದುರಾಬದರಾ."

ಮೇಡಂ ಚಾಕ್‌ಪೀಸು ಕೆಳಗಿಟ್ಟರು. ಮುಂದಿನ ಭಾನುವಾರವೇ ನಮ್ಮ ಹಟ್ಟಿಗೆ ಬಂದಿಳಿದರು.

ಗೌರಿ ಹಬ್ಬದ ಆಸುಪಾಸು. ದೊಡ್ಡಪ್ಪ ಆಗ ಮಂದೆ ಹೊಡೆದುಕೊಂಡು ಆಂಧ್ರದ ಕಡೆ ಹೋಗಿದ್ದ. ಅವ್ವ ಕೊಟ್ಟ ಮಜ್ಜಿಗೆ ಕುಡಿದು ಇಬ್ಬರೂ ಗುಡ್ಡ ಹತ್ತಿದೆವು. ಅವರಿಗೆ ಆಗಲೇ ಮೊಣಕಾಲು ನೋವು. ಕೊಡೆ ಊರಿಕೊಂಡು, ನಾಲ್ಕು ಹೆಜ್ಜೆಗೊಮ್ಮೆ ನಿಂತು, ನಿಂತಲ್ಲೆಲ್ಲ ಒಂದು ಹುಲ್ಲಿನ ಹೆಸರು ಹೇಳಿ ಸುಧಾರಿಸಿಕೊಳ್ಳುತ್ತಿದ್ದರು. ನಮ್ಮ ಗುಡ್ಡದ ಮೈಯೆಲ್ಲ ಬಂಡೆ, ಮುಳ್ಳು. ನೆತ್ತಿಯಲ್ಲಿ ಮಾತ್ರ ಒಂದು ಕಣದಷ್ಟು ಜಾಗದಲ್ಲಿ ದಟ್ಟವಾಗಿ ಹುಲ್ಲು. ಅದರ ಅಂಚಿನಲ್ಲಿ ಸೊಂಟದೆತ್ತರದ ಮೂರು ಗಿಡ. ಹೂವು ಒಂದೇ ಒಂದು ಬಿಟ್ಟಿತ್ತು.

ಮೇಡಂ ಮಂಡಿ ಊರಿದರು. ಎಲೆಯನ್ನು ಕೀಳದೆ, ಕೊಂಬೆಯನ್ನೇ ಮೆಲ್ಲಗೆ ಬಾಗಿಸಿ ಬಿಸಿಲಿಗೆ ಹಿಡಿದು "ಬಾ, ಇಲ್ನೋಡು" ಅಂದರು. ಎಲೆಯ ತುಂಬ ಸೂಜಿಯಲ್ಲಿ ಚುಚ್ಚಿದ ಹಾಗೆ ಬೆಳಕಿನ ಚುಕ್ಕೆಗಳು. ಹೈಪರಿಕಂ ಎಂದು ಶುರುವಾಗುವ ಉದ್ದನೆಯ ಹೆಸರು ಹೇಳಿದರು. ಇದು ಇರಬೇಕಾದ್ದು ಪಶ್ಚಿಮ ಘಟ್ಟದ ಬಲು ಎತ್ತರದ ಹುಲ್ಲುಗಾವಲುಗಳಲ್ಲಿ, ಮಂಜು ಕವಿಯುವ ಕಡೆ. ನಮ್ಮ ಈ ಒಣ ಗುಡ್ಡದ ಮೇಲೆ ಇದ್ದದ್ದನ್ನು ಯಾರೂ ಬರೆದಿಲ್ಲ ಅಂದರು. ಆಮೇಲೆ ಬಂಡೆಯ ಮೇಲೆ ಕೂತರು. ಅವರ ಕಣ್ಣು ಒದ್ದೆಯಾಗಿದ್ದವು. ಗಿಡ ನೋಡಿ ಅಳುವವರನ್ನು ನಾನು ಅದೇ ಮೊದಲು ಕಂಡಿದ್ದು. ನನಗೆ ನಗು ಬಂತು, ಹಲ್ಲು ಕಚ್ಚಿ ತಡೆದುಕೊಂಡೆ.

"ಒಂದು ಕಡ್ಡಿ ಮುರ್ಕೊಡ್ಲಾ ಮೇಡಂ?"

"ಇರೋದೇ ಮೂರು. ಮುಂದಿನ ವರ್ಷ ತುಂಬಾ ಹೂ ಬಿಡ್ಲಿ, ಒಂದೇ ಒಂದು ಟಿಸಿಲು ತಗೊಳ್ಳೋಣ. ಅಲ್ಲೀವರೆಗೆ ಒಂದು ಎಲೆ ಕಿತ್ರೂ ನನ್ನ ಮುಖ ನೋಡ್ಬೇಡ. ಯಾರಿಗೂ ಹೇಳ್ಲೂಬೇಡ. ಔಷಧಿ ಅಂದ್ಕೊಂಡು ಬೇರು ಸಮೇತ ಎತ್ಕೊಂಡು ಹೋಗ್ತಾರೆ."

ಕಾಲೇಜಿನ ಕ್ಯಾಮೆರಾದಲ್ಲಿ ಒಂದು ಫೋಟೋ ತೆಗೆದರು. ಗಾಳಿಗೆ ಗಿಡ ಅಲುಗಿತೋ, ಅವರ ಕೈ ಅಲುಗಿತೋ, ತೊಳೆಸಿದಾಗ ಬಂದದ್ದು ಹಸಿರಿನ ನಡುವೆ ಒಂದು ಹಳದಿ ಮಸುಕು. ಅದನ್ನೇ ತಮಗೆ ಪಾಠ ಹೇಳಿದ ಹಳೆಯ ಪ್ರೊಫೆಸರಿಗೆ ಕಳಿಸಿದರು. ಬಯಲುಸೀಮೆಯಲ್ಲಿ ಆ ಗಿಡ ಇರಲಾರದು, ಚಿತ್ರ ನೋಡಿದರೆ ತಂಗಡಿಯಂತಿದೆ, ಬಿಸಿಲಲ್ಲಿ ಗುಡ್ಡ ಹತ್ತಿದ ಆಯಾಸಕ್ಕೆ ಹಾಗೆ ಕಂಡಿರಬೇಕು ಎಂದು ಉತ್ತರ ಬಂತು. ಮೇಡಂ ಅದನ್ನು ಲ್ಯಾಬಿನಲ್ಲಿ ನಮಗೇ ಓದಿ ಹೇಳಿ ನಕ್ಕರು. ಕಿವಿ ಮಾತ್ರ ಕೆಂಪಾಗಿತ್ತು. ಮೂವತ್ತು ವರ್ಷ ಗಿಡ ನೋಡಿದವರಿಗೆ ತಂಗಡಿ ಗೊತ್ತಾಗಲಿಲ್ಲ ಅಂದರೆ ಅದು ಎಂಥ ಮಾತು! ಆದರೂ ಪ್ರೊಫೆಸರು ಒಳ್ಳೆಯ ಮನುಷ್ಯ. ಮರುವರ್ಷ ದೀಪಾವಳಿ ಮುಗಿದ ಮೇಲೆ ದುರ್ಗಕ್ಕೆ ಬರುವ ಕೆಲಸವಿದೆ, ಆಗ ತಾನೇ ಬಂದು ನೋಡುತ್ತೇನೆಂದು ಬರೆದಿದ್ದರು.

ಆ ಒಂದು ವರ್ಷ ಮೇಡಂ ಅದೊಂದನ್ನೇ ಕಾದರು. ಅಷ್ಟರಲ್ಲಿ ಮೊಣಕಾಲು ಪೂರ್ತಿ ಕೈಕೊಟ್ಟಿತ್ತು. ಇನ್ನು ಗುಡ್ಡ ಹತ್ತುವ ಹಾಗಿಲ್ಲ ಎಂದು ಡಾಕ್ಟರು ಹೇಳಿಯಾಗಿತ್ತು. "ಇದೊಂದ್ಸಲ ಹತ್ತಿ ಇಳಿದ್ಬಿಡ್ತೀನಿ. ಕಾಯೋ ಕೆಲ್ಸ ನಿಂದು" ಅಂದರು ನನಗೆ.

ದೀಪಾವಳಿಗೆ ಊರಿಗೆ ಹೋದವನು ಗುಡ್ಡ ಹತ್ತಿ ನೋಡಿದೆ. ಮೂರೂ ಗಿಡ ಎಲೆ ಕಾಣದಷ್ಟು ಹೂ ಬಿಟ್ಟಿದ್ದವು. ಖುಷಿಯ ಜೊತೆಗೇ ಭಯವೂ ಹುಟ್ಟಿತು. ಮಳೆ ಮುಗಿದು ಎಲ್ಲರ ಮಂದೆಯೂ ಗುಡ್ಡಕ್ಕೆ ಬರುವ ಕಾಲ. ಕುರಿ ಬಾಯಿ ಹಾಕದಿದ್ದರೂ ಕಡ್ಡಿಗೆಂದು ಕುರಿಯವರು ಮಚ್ಚು ಹಾಕಿಬಿಡುತ್ತಾರೆ. ಆಗಲೇ ನನಗೆ ಆ ಬುದ್ಧಿ ಹೊಳೆದದ್ದು.

ನಮ್ಮವರು ಎಳೆ ಮರಿಗಳನ್ನು ಬಿಡಲು ಕಡ್ಡಿಯಿಂದ ಹೆಣೆದ ದುಂಡನೆಯ ಗೂಡು ಮಾಡುತ್ತಾರೆ. ಮರಿಗೂಡು ಅನ್ನುತ್ತೇವೆ. ಅದಕ್ಕೆ ಬಳುಕುವ ಕಡ್ಡಿ ಬೇಕು. ಅಂಥ ಗಿಡ ಕಂಡವನು ತನ್ನ ಮನೆಯ ಉಣ್ಣೆಯ ಎಳೆಯೊಂದನ್ನು ಅದಕ್ಕೆ ಕಟ್ಟಿ ಬರುತ್ತಾನೆ. ಒಂದೊಂದು ಮನೆಯದು ಒಂದೊಂದು ಹೊಸೆತ. ನಮ್ಮದು ಕರಿ ಬಿಳಿ ಸೇರಿಸಿ ಹೊಸೆದು ಎರಡು ಗಂಟು. ಎಳೆ ಕಟ್ಟಿದ ಗಿಡವನ್ನು ಬೇರೆ ಮನೆಯವರು ಸತ್ತರೂ ಮುಟ್ಟುವುದಿಲ್ಲ. ನಾನು ಅವ್ವನ ಬುಟ್ಟಿಯಿಂದ ಉಣ್ಣೆ ಎಗರಿಸಿ, ಹೊಸೆದು, ಮೂರೂ ಗಿಡಕ್ಕೆ ಕಟ್ಟಿ ಬಂದೆ. ನನ್ನ ಜಾಣತನಕ್ಕೆ ನಾನೇ ಬೆನ್ನು ತಟ್ಟಿಕೊಳ್ಳುತ್ತ ಹಾಸ್ಟೆಲ್ಲಿಗೆ ಬಸ್ಸು ಹತ್ತಿದೆ.

ಪದ್ಧತಿಯ ಇನ್ನರ್ಧ ನನಗೆ ನೆನಪಿರಲಿಲ್ಲ. ಮದುವೆಯಾಗದ ಹುಡುಗ ಮೊದಲ ಸಲ ಎಳೆ ಕಟ್ಟಿದನೆಂದರೆ ಅವನಿಗೆ ತನ್ನದೇ ಕುರಿಮಂದೆ ಕಟ್ಟುವ ಮನಸ್ಸಾಗಿದೆ ಎಂದು ಅರ್ಥ. ಬಾಯಿಬಿಟ್ಟು ಕೇಳಲು ನಾಚಿಕೆ, ಅದಕ್ಕೇ ಎಳೆ. ಆ ಮೊದಲ ಗೂಡಿಗೆ ಅವನು ಕೈ ಹಚ್ಚಬಾರದು. ಮನೆಯ ಹಿರಿಯರೇ ಕಡಿದು, ಹೆಣೆದು, ಎರಡು ಮರಿ ಒಳಗೆ ಬಿಟ್ಟು ಕೊಡಬೇಕು.

ಪ್ರೊಫೆಸರು ಬಂದ ದಿನ ಮೂವರೂ ಜೀಪಿನಲ್ಲಿ ಹೊರಟೆವು. ನಮ್ಮ ಹಟ್ಟಿಗೆ ಹೋಗದೆ, ಮೇಡಂ ಕಾಲಿಗೆ ಸಲೀಸಾಗಲೆಂದು ಗುಡ್ಡದ ಆಚೆ ಬದಿಯ ಇಳಿಜಾರಿನಿಂದ ಹತ್ತಿದೆವು. ಮೊಣಕಾಲಿಗೆ ಪಟ್ಟಿ ಸುತ್ತಿಕೊಂಡಿದ್ದರು. ಒಂದು ಕೈ ಕೊಡೆಯ ಮೇಲೆ, ಇನ್ನೊಂದು ನನ್ನ ಭುಜದ ಮೇಲೆ. ನೋವಿಗೆ ಅವರ ಬೆರಳು ನನ್ನ ಭುಜವನ್ನು ಹಿಂಡುತ್ತಿದ್ದವು. ಬಾಯಲ್ಲಿ ಮಾತ್ರ "ಆಯ್ತು, ಬಂದ್ವಿ, ಇನ್ನೇನು ಬಂದ್ವಿ" ಎಂದು ನಗು.

ನೆತ್ತಿಯಲ್ಲಿ ಮೂರು ಮೋಟು ಇದ್ದವು.

ಕೆಳಗೆ ಒಂದು ಎಲೆ ಬಿದ್ದಿರಲಿಲ್ಲ, ಒಂದು ಎಸಳು ಇರಲಿಲ್ಲ. ಅಷ್ಟು ಒಪ್ಪವಾಗಿ ಬಳಿದುಕೊಂಡು ಹೋಗಿದ್ದರು. ಮೋಟುಗಳು ಎಡದಿಂದ ಬಲಕ್ಕೆ ಇಳಿಜಾರಾಗಿ ಒಂದೇ ಏಟಿಗೆ ಕಡಿದಂತಿದ್ದವು. ನಮ್ಮ ಸುತ್ತಲ ಹಟ್ಟಿಗಳಲ್ಲಿ ಎಡಗೈಯಲ್ಲಿ ಮಚ್ಚು ಹಿಡಿಯುವವನು ದೊಡ್ಡಪ್ಪ ಒಬ್ಬನೇ. ಆ ಕ್ಷಣಕ್ಕೆ ನನಗೆ ಎಳೆ, ಗೂಡು, ಮರೆತ ಇನ್ನರ್ಧ ಪದ್ಧತಿ ಎಲ್ಲ ಒಟ್ಟಿಗೆ ತಲೆಗೆ ಬಂತು.

ಮೇಡಂ ನಿಂತೇ ಇದ್ದರು. "ಯಾರು ಕಡಿದ್ರೋ... ನಿಂಗೇನಾದ್ರೂ ಗೊತ್ತೇನೋ?"

"ಗೊತ್ತಿಲ್ಲ ಮೇಡಂ. ಆಂಧ್ರದ ಕಡೆ ಕುರಿಯೋರು ಬಂದಿರ್ಬೇಕು" ಅಂದೆ.

ಎಷ್ಟು ಸಲೀಸಾಗಿ ಅಂದೆ! ಕಂಡಿರದ ಜನರ ತಲೆಗೆ ಕಟ್ಟುವಾಗ ನಾಲಿಗೆ ಒಂದಿಷ್ಟೂ ತಡವರಿಸಲಿಲ್ಲ.

ಪ್ರೊಫೆಸರು ಮೋಟುಗಳನ್ನು ನೋಡಿ, ಮೇಡಂ ಮುಖ ನೋಡಿ, "ಇರಲಿ ಬಿಡಮ್ಮ, ತಂಗಡಿ ಎಲ್ಲಾ ಕಡೆ ಸಿಗುತ್ತೆ" ಅಂದರು. ಅವರು ಸಮಾಧಾನ ಮಾಡಲೆಂದೇ ಅಂದದ್ದು. ಮೇಡಂ ಕೊಡೆ ಊರಿ ತಿರುಗಿದರು. ಇಳಿಯುವಾಗ ನನ್ನ ಭುಜ ಹಿಡಿಯಲಿಲ್ಲ. ಕೂತು, ತೆವಳಿ, ಒಬ್ಬರೇ ಇಳಿದರು. ಬಿ.ಜಿ. ಕೆರೆಯಲ್ಲಿ ಅವರ ನೆಂಟರ ಮನೆಯಲ್ಲಿ ಊಟ, ಅಲ್ಲಿಂದ ಮೂರು ಗಂಟೆಗೆ ಹೊರಡುವುದು ಎಂದಾಗಿತ್ತು. ನಾನು ಅವ್ವನ್ನ ನೋಡಿ ಬರುತ್ತೇನೆಂದು ಹಟ್ಟಿಗೆ ಓಡಿದೆ.

ಮನೆಯ ಮುಂದೆ ಬೇವಿನ ಮರದಡಿ ಗೂಡು ಇತ್ತು. ಅಷ್ಟು ಚೆಂದದ ಗೂಡನ್ನು ದೊಡ್ಡಪ್ಪ ಅದಕ್ಕೆ ಮೊದಲೂ ಹೆಣೆದಿರಲಿಲ್ಲ, ಆಮೇಲೂ ಹೆಣೆಯಲಿಲ್ಲ. ನೆತ್ತಿಯ ಕಡ್ಡಿ ಸಾಲದೆ ಬಂದ ಕಡೆ ಕೆಳಗಿನ ಬಯಲಿನ ತಂಗಡಿ ಸೇರಿಸಿದ್ದ. ಒಳಗೆ ಎರಡು ಕರಿ ಮರಿ.

"ಏಮ್‌ರಾ, ನೋಡ್ದೇನ್ಲಾ? ಬಾಯಿ ಬಿಟ್ಟು ಹೇಳಾಕೆ ನಾಚ್ಕೆ ಅಲ್ಲಾ ನಿಂಗೆ? ಎಳೆ ಕಂಡೇಟ್ಗೆ ತಿಳೀತು ಬಿಡು. ನಿಮ್ಮಪ್ಪ ಇದ್ದಿದ್ರೆ ಅವ್ನೇ ಹೆಣೀತಿದ್ದ" ಅಂದ. ಅವ್ವ ಸೆರಗಿನಿಂದ ಕಣ್ಣು ಒರೆಸಿಕೊಳ್ಳುತ್ತಿದ್ದಳು. "ಓದಿದೋನು ನಮ್ಮನ್ನ ಬಿಟ್ಟೇ ಹೋಗ್ತಾನೆ ಅಂತಿದ್ವಿ ಕಣಪ್ಪ..."

ಗೂಡಿನ ಸಂದಿಯಲ್ಲಿ ಒಂದು ಟಿಸಿಲು ಹೊರಗೆ ಚಾಚಿಕೊಂಡಿತ್ತು. ಬಾಡಿದ ಎರಡು ಹೂವು, ನಾಲ್ಕು ಜೊತೆ ಎಲೆ. ಮೇಡಂ ಒಂದು ವರ್ಷದಿಂದ ಕಾದದ್ದು ಅಷ್ಟನ್ನೇ. ಬಗ್ಗಿ ಎಲೆಯನ್ನು ಬಿಸಿಲಿಗೆ ಹಿಡಿದೆ. ಚುಕ್ಕೆಗಳು ಹಾಗೇ ಇದ್ದವು. ಗಂಟೆ ಇನ್ನೂ ಎರಡಾಗಿರಲಿಲ್ಲ. ಕಿತ್ತು ಅಂಗಿಯ ಜೇಬಿಗೆ ಹಾಕಿಕೊಂಡು ಅಡ್ಡದಾರಿಯಲ್ಲಿ ಓಡಿದ್ದರೆ ಜೀಪು ಹೊರಡುವ ಮೊದಲೇ ಮುಟ್ಟುತ್ತಿದ್ದೆ.

ಓಡಲಿಲ್ಲ. ಕೊಂಡುಹೋದರೆ ಎಲ್ಲಿ ಸಿಕ್ಕಿತು ಎಂದು ಕೇಳುತ್ತಾರೆ. ನಮ್ಮ ಮನೆಯಲ್ಲೇ ಅನ್ನಬೇಕು. ಆಂಧ್ರದವರ ಮೇಲೆ ಹಾಕಿದ ಸುಳ್ಳನ್ನು ನುಂಗಬೇಕು. ಪ್ರೊಫೆಸರ ಎದುರು ದೊಡ್ಡಪ್ಪ ತಿಳಿವಳಿಕೆಯಿಲ್ಲದ ಕುರುಬನಾಗಿ ನಿಲ್ಲಬೇಕು. ಇತ್ತ ದೊಡ್ಡಪ್ಪನಿಗೂ ಈ ಗೂಡು ನನಗೆ ಬೇಕಾದ್ದಲ್ಲ, ನೀನು ಮಾಡಿದ್ದು ಅನಾಹುತ ಅನ್ನಬೇಕು. ಹೀಗೆಲ್ಲ ಲೆಕ್ಕ ಹಾಕಿದೆ ಎಂದು ಈಗ ಬರೆಯುತ್ತಿದ್ದೇನೆ. ನಿಜ ಹೇಳಬೇಕೆಂದರೆ ಹೆದರಿದೆ, ಅಷ್ಟೇ. ಅವ್ವ ಕೊಟ್ಟ ಮುದ್ದೆ ಉಂಡೆ. ಆ ಟಿಸಿಲನ್ನು ಮರಿಯೊಂದು ಎಳೆದು ಜಗಿದು ಉಗುಳಿತು, ನೋಡುತ್ತ ಕೂತಿದ್ದೆ. ಬಿ.ಜಿ. ಕೆರೆಗೆ ಮುಟ್ಟುವ ಹೊತ್ತಿಗೆ ಜೀಪು ಹೊರಟುಹೋಗಿತ್ತು.

ಮೋಟು ಚಿಗುರಿದರೆ ಹೇಳು ಎಂದಿದ್ದರು ಮೇಡಂ. ಆ ಬೇಸಿಗೆಯಲ್ಲಿ ಎಂದಿನ ಹಾಗೆ ಗುಡ್ಡದ ಹುಲ್ಲಿಗೆ ಯಾರೋ ಬೆಂಕಿ ಇಟ್ಟರು. ಆಮೇಲೆ ಎರಡು ಮಳೆಗಾಲ ಹತ್ತಿ ನೋಡಿದೆ, ಏನೂ ಬರಲಿಲ್ಲ. ಗೂಡಿನ ಕಡ್ಡಿಗಳು ಒಣಗಿ, ಎಲೆಯೆಲ್ಲ ಪುಡಿಯಾಗಿ, ಕೊನೆಗೆ ನೀರೊಲೆಗೆ ಹೋದವು. ನಾನು ಕುರಿ ಕಟ್ಟಲಿಲ್ಲ. ಪಶು ಇಲಾಖೆಯ ಟ್ರೈನಿಂಗಿಗೆ ಅರ್ಜಿ ಹಾಕಲು ಹೇಳಿದವರು, ಫಾರಂ ತುಂಬಿಕೊಟ್ಟವರು ಮೇಡಂ. ದೊಡ್ಡಪ್ಪ ಬೈಯಲಿಲ್ಲ, "ಹೋಗ್ಲಿ ಬಿಡು, ಕುರಿ ಬಿಟ್ಟು ದೂರ ಹೋಗ್ತಿಲ್ಲವಲ್ಲ" ಅಂದ. ಅವನೂ ಈಗಿಲ್ಲ. ತಾನು ಕಡಿದದ್ದು ಏನೆಂದು ಅವನಿಗೆ ಕಡೆಯವರೆಗೂ ಗೊತ್ತಾಗಲಿಲ್ಲ. ಅದೊಂದರ ಬಗ್ಗೆ ಮಾತ್ರ ನನಗೆ ಬೇಸರವಿಲ್ಲ.

ಮದುವೆ ಕಾರ್ಡು ಕೊಡಲು ಮೇಡಂ ಮನೆಗೆ ಹೋಗಿದ್ದೆ. ನಿವೃತ್ತಿಯಾಗಿ ಮಿಲ್ಲಿನ ಪಕ್ಕದ ಮನೆಯಲ್ಲಿ ಅಣ್ಣನ ಸಂಸಾರದ ಜೊತೆ ಇದ್ದರು. ಕಾಲು ಚಾಚಿಕೊಂಡು ಕುರ್ಚಿಯಲ್ಲಿ ಕೂತೇ ಮಾತಾಡಿಸಿದರು. ಇವತ್ತು ಹೇಳಿಬಿಡಬೇಕು ಎಂದು ಆಗ ಕೆಲಸದಲ್ಲಿದ್ದ ತಳಕಿನಿಂದ ಬರುವಾಗ ಬಸ್ಸಿನಲ್ಲಿ ಮಾತು ಜೋಡಿಸಿಕೊಂಡೇ ಬಂದಿದ್ದೆ. ನಾನು ಬಾಯಿ ತೆರೆಯುವ ಮೊದಲೇ ಅವರೇ ಅಂದರು: "ಆ ಗುಡ್ಡದ ಗಿಡ ಐತಲ್ಲ, ನಂಗೂ ಈಗೀಗ ಅನ್ಸುತ್ತಪ್ಪ, ಅದು ತಂಗಡಿನೇ ಇದ್ದಿರಬೇಕು ಅಂತ. ಅವತ್ತು ಬಿಸಿಲು ಜಾಸ್ತಿ ಇತ್ತು ನೋಡು... ಆಸೆಗೆ ಹಂಗೆ ಕಂಡಿರುತ್ತೆ."

ನಗುತ್ತಲೇ ಅಂದರು. ಎಲೆಯ ಚುಕ್ಕೆಗಳನ್ನು ನನಗೆ ತೋರಿಸಿದವರು ಅವರು, ನೋಡಿದವನು ನಾನು. "ಇಲ್ಲ ಮೇಡಂ, ನಾನೂ ನೋಡೀನಿ" ಎಂದು ಒಂದು ಮಾತು ಅಂದಿದ್ದರೆ ಸಾಕಿತ್ತು. ಅಷ್ಟರಲ್ಲಿ ಅವರ ಅತ್ತಿಗೆ ಮಂಡಕ್ಕಿ ಒಗ್ಗರಣೆ ತಂದಿಟ್ಟರು. ತಿಂದು, ಕಾಲಿಗೆ ನಮಸ್ಕಾರ ಮಾಡಿ, ಬಂದುಬಿಟ್ಟೆ. ಮದುವೆಗೆ ಅವರಿಂದ ಬರಲಾಗಲಿಲ್ಲ. ಮುಂದೆ ಅವರು ಹೋದ ಸುದ್ದಿ ನನಗೆ ತಿಂಗಳು ಕಳೆದ ಮೇಲೆ, ಯಾರದೋ ಕುರಿ ರೊಪ್ಪದಲ್ಲಿ ನಿಂತಿದ್ದಾಗ ಸಿಕ್ಕಿತು.

ಮೊನ್ನೆ ಆ ಎಸಳು ಕೈಗೆ ಬಂದ ಮೇಲೆ ಮನಸ್ಸು ತಡೆಯಲಿಲ್ಲ. ಭಾನುವಾರ ಚಳ್ಳಕೆರೆಗೆ ಹೋದೆ. ಅವರ ಅಣ್ಣನ ಮಗ ಈಗ ಮಿಲ್ಲು ನೋಡಿಕೊಳ್ಳುತ್ತಾನೆ. ಹಳೆಯ ಶಿಷ್ಯ ಅಂದದ್ದಕ್ಕೆ ಒಳಗೆ ಕರೆದು ಕೂರಿಸಿ, ಬೀರುವಿನಿಂದ ಆ ಉದ್ದನೆಯ ಪುಸ್ತಕ ತಂದು ತೊಡೆಯ ಮೇಲಿಟ್ಟ. "ಅತ್ತೆ ನೆನಪಿಗೆ ಇದನ್ನ ಅಚ್ಚು ಹಾಕಿಸೋಣ ಅಂತಿದೀನ್ರಿ. ನಮಗೆ ಇದ್ರಾಗೆ ಒಂದಕ್ಷರ ತಿಳಿಯಲ್ಲ. ನೀವು ಒಂದ್ಸಾರಿ ನೋಡಿ ಸರಿ ಐತಾ ಹೇಳ್ರಿ" ಅಂದ.

ನಮ್ಮ ಗುಡ್ಡದ ಪುಟ ಹುಡುಕಿದೆ. ಹೈಪರಿಕಂ ಎಂದು ಪೆನ್ಸಿಲಿನಲ್ಲಿ ಬರೆದದ್ದನ್ನು ಅವರೇ ಅಳಿಸಿದ್ದರು. ಗುರುತು ಮಾತ್ರ ಉಳಿದಿತ್ತು. ಅದರ ಮೇಲೆ ಇಂಕಿನಲ್ಲಿ, ಅವರದೇ ದುಂಡು ಅಕ್ಷರದಲ್ಲಿ: ತಂಗಡಿ, ನೆತ್ತಿಯಲ್ಲಿ, ಮೂರು ಗಿಡ.

ನಮ್ಮ ಗುಡ್ಡದ ನೆತ್ತಿಯಲ್ಲಿ ತಂಗಡಿ ಎಂದೂ ಬೆಳೆದಿಲ್ಲ. ಆ ಪುಸ್ತಕದಲ್ಲಿ ಅವರು ಬರೆದ ಸುಳ್ಳು ಅದೊಂದೇ ಇರಬೇಕು, ಅದನ್ನೂ ಬರೆಸಿದವನು ನಾನು. ಇಪ್ಪತ್ತು ಚಿಲ್ಲರೆ ವರ್ಷ ಹೇಳದೆ ಇಟ್ಟುಕೊಂಡದ್ದನ್ನೆಲ್ಲ ಆ ಹುಡುಗನ ಮುಂದೆ ಹೇಳಿದೆ. ಎಳೆ ಕಟ್ಟಿದ್ದು, ಗೂಡು, ಟಿಸಿಲು, ಓಡದೆ ಕೂತದ್ದು... ಅವನು ಮರ್ಯಾದೆಯಿಂದ ಪೂರ್ತಿ ಕೇಳಿಸಿಕೊಂಡ. ಆಮೇಲೆ ಜೇಬಿನಿಂದ ಪೆನ್ನು ತೆಗೆದು ಕೊಟ್ಟ.

"ಅಷ್ಟೇ ಅಲ್ಲೇನ್ರಿ? ಒಂದು ಗಿಡದ ಹೆಸ್ರು ತಾನೆ. ನೀವೇ ತಿದ್ದಿಬಿಡ್ರಿ, ಯಾರು ಕೇಳ್ತಾರೆ?"

ಕೇಳುತ್ತಿದ್ದವರು ಒಬ್ಬರೇ. ಕಡ್ಡಿ ಎಲ್ಲಿ, ತೋರಿಸು ಅನ್ನುತ್ತಿದ್ದರು. ನನ್ನ ಹತ್ತಿರ ತೋರಿಸಲು ಏನೂ ಇರಲಿಲ್ಲ. ಪೆನ್ನನ್ನು ಅವನಿಗೆ ವಾಪಸ್ಸು ಕೊಟ್ಟು ಎದ್ದು ಬಂದೆ.